ಶಾಂತವೇರಿ ಗೋಪಾಲಗೌಡರ ಚುನಾವಣಾ ರಾಜಕಾರಣ

ಸಮಾಜವಾದಿ ನಾಯಕ ಶಾಂತವೇರಿ ಗೋಪಾಲಗೌಡರ (1923–1972) ಶಾಸಕ ಜೀವನವು ಮಲೆನಾಡಿನ ಗೇಣಿದಾರರ ಹೋರಾಟದಿಂದ ರೂಪುಗೊಂಡಿತು. ಗೇಣಿಯ ಭತ್ತವನ್ನು ಅಳೆಯುವ ಕೊಳಗದ ಅನ್ಯಾಯವನ್ನು ಪ್ರಶ್ನಿಸಿ 1951ರಲ್ಲಿ ನಡೆದ ಕಾಗೋಡು ಸತ್ಯಾಗ್ರಹದಲ್ಲಿ ಅವರು ಮುಂಚೂಣಿಯಲ್ಲಿದ್ದರು. ಮರುವರ್ಷ, ವಯಸ್ಕ ಮತಾಧಿಕಾರದ ಪ್ರಥಮ ಸಾರ್ವತ್ರಿಕ ಚುನಾವಣೆಯಲ್ಲಿ, ಸಾಗರ-ಹೊಸನಗರ ಕ್ಷೇತ್ರದಿಂದ ಮೈಸೂರು ವಿಧಾನಸಭೆಗೆ ಆಯ್ಕೆಯಾದರು. ಒಡೆಯರ ಅಂಗಳದಲ್ಲಿ ಅಳತೆಗೆ ತಲೆಬಾಗಬೇಕಿದ್ದ ಗೇಣಿದಾರನ ಮತಕ್ಕೆ ಮತಪೆಟ್ಟಿಗೆಯಲ್ಲಿ ಒಡೆಯರ ಮತದಷ್ಟೇ ಬೆಲೆ ದೊರೆತುದೇ ಈ ಗೆಲುವಿನ ಮಹತ್ತ್ವ.

1957ರಲ್ಲಿ ಸೋತ ಅವರು 1962 ಹಾಗೂ 1967ರಲ್ಲಿ ತೀರ್ಥಹಳ್ಳಿಯಿಂದ ಗೆದ್ದರು. ಧನಬಲವಿಲ್ಲದ ಅವರ ಪ್ರಚಾರದಲ್ಲಿ ಮತದೊಂದಿಗೆ ಒಂದು ರೂಪಾಯಿಯನ್ನೂ ಬೇಡುವ ಕ್ರಮವಿತ್ತು. ಅಭ್ಯರ್ಥಿಯು ಹಣವಂತರಿಗಲ್ಲ, ಮತದಾರರಿಗೇ ಋಣಿಯಾಗಿರಬೇಕೆಂಬುದು ಇದರ ತಾತ್ಪರ್ಯ. ಗೇಣಿದಾರರಿಗೆ ಭೂಮಿಯ ಒಡೆತನದ ದಾರಿ ತೆರೆದ ಭೂಸುಧಾರಣಾ ತಿದ್ದುಪಡಿಯು 1974ರಲ್ಲಿ ಜಾರಿಗೆ ಬಂದಾಗ ಅದನ್ನು ಕಾಣಲು ಅವರು ಬದುಕಿರಲಿಲ್ಲ.