ಕಡಲು ಕೇರಿಟ್ಟ ಮಣ್ಣು

ಕೊಲ್ಲಂ ಕಡಲಾಚೆ ಎಣ್ಣೆಬಾವಿ ಕೊರೆಯುವ ಸುದ್ದಿ ಕೆಲವು ವರ್ಷಗಳಿಗೊಮ್ಮೆ ಪತ್ರಿಕೆಗಳಲ್ಲಿ ತಲೆಯೆತ್ತುತ್ತದೆ. ಗೋವಾದಿಂದ ಕನ್ಯಾಕುಮಾರಿಯವರೆಗೆ, ನಮ್ಮ ಕಾರವಾರ, ಮಂಗಳೂರುಗಳನ್ನೂ ಸೇರಿಸಿಕೊಂಡು ಹಬ್ಬಿರುವ ಹೂಳು ತುಂಬಿದ ತಗ್ಗಿಗೆ ಕೇರಳ-ಕೊಂಕಣ ಬೇಸಿನ್ ಎಂದು ಹೆಸರು. 1970ರ ದಶಕದಿಂದಲೂ ಅಲ್ಲಿ ಬಾವಿ ಕೊರೆಯುತ್ತಿದ್ದಾರೆ. 2009ರಲ್ಲಿ ಕೊಚ್ಚಿಯಾಚೆಯ ಆಳಸಮುದ್ರದಲ್ಲಿ ಓಎನ್‌ಜಿಸಿ ದೊಡ್ಡ ನಿರೀಕ್ಷೆ ಇಟ್ಟುಕೊಂಡು ಕೊರೆಸಿತು. ಮಾರಾಟಕ್ಕೆ ಸಾಲುವಷ್ಟು ಎಣ್ಣೆ ಇದುವರೆಗೆ ಸಿಕ್ಕಿಲ್ಲ. ಇಷ್ಟಕ್ಕೇ ಈ ಬೇಸಿನ್ನನ್ನು ‘ಬಡವ’ ಎಂದುಬಿಡುವುದು ರೂಢಿಯಾಗಿದೆ. ಕಲಬುರಗಿಯ ಭೀಮಾ ಬೇಸಿನ್ನಿನಲ್ಲಾಗಲಿ ಬಾಗಲಕೋಟೆಯ ಕಲಾದಗಿ ಬೇಸಿನ್ನಿನಲ್ಲಾಗಲಿ ಎಣ್ಣೆಯಿಲ್ಲವೆಂದು ಯಾರೂ ಕೊರಗಿದ್ದಿಲ್ಲ. ಶಹಾಬಾದಿನ ಹಾಸುಗಲ್ಲು, ಸಿಮೆಂಟಿನ ಸುಣ್ಣಕಲ್ಲು, ಗೋಗಿಯ ಯುರೇನಿಯಂ ಇವುಗಳಿಂದಲೇ ಅವುಗಳ ಬೆಲೆ ಕಟ್ಟುತ್ತೇವೆ. ಸಮುದ್ರದಂಚಿನ ಬೇಸಿನ್ನಿಗೆ ಮಾತ್ರ ಎಣ್ಣೆಯದೊಂದೇ ಅಳತೆಗೋಲು ಯಾಕೆ? ತಿರುವನಂತಪುರದ ತುಂಬಾದಿಂದ ಕೊಚ್ಚಿಯವರೆಗಿನ ಕರಾವಳಿ ಪಟ್ಟಿಯನ್ನು ನೋಡಿದರೆ, ಈ ತಗ್ಗು ತನಗೆ ಒಗ್ಗಿದ ಕೆಲಸವನ್ನು ಚೆನ್ನಾಗಿಯೇ ಮಾಡಿದೆ ಎನಿಸುತ್ತದೆ. ಎಣ್ಣೆ ತಯಾರಿಸುವುದು ಆ ಕೆಲಸವಲ್ಲ, ಅಷ್ಟೆ.

ಸುಮಾರು ಎಂಟೂವರೆಯಿಂದ ಒಂಬತ್ತು ಕೋಟಿ ವರ್ಷಗಳ ಹಿಂದೆ ಮಡಗಾಸ್ಕರ್ ಭಾರತದಿಂದ ಬಿರಿದು ದೂರ ಸರಿಯಿತು. ಮಲ್ಪೆಯ ಎದುರಿಗಿರುವ ಸೇಂಟ್ ಮೇರಿಸ್ ದ್ವೀಪದ ಕಂಬಗಲ್ಲುಗಳು ಆ ಕಾಲದ ಲಾವಾ. ಬಿರುಕಿನ ಅಂಚು ಕುಸಿದು ತಗ್ಗಾಯಿತು, ಘಟ್ಟದ ಮಣ್ಣು ಅದಕ್ಕೆ ಇಳಿಯತೊಡಗಿತು. ಆ ಪದರಗಳನ್ನು ಮುಟ್ಟಿ ನೋಡಬೇಕಾದರೆ ತುಂಬಾದಿಂದ ಉತ್ತರಕ್ಕೆ, ವರ್ಕಲಾಕ್ಕೆ ಹೋಗಬೇಕು. ಅಲ್ಲಿ ಕಡಲು ಕೊರೆದ ಕಡಿದಾದ ದಂಡೆಯ ನೆತ್ತಿಯಲ್ಲಿ ಜಂಬಿಟ್ಟಿಗೆ, ಅದರ ಕೆಳಗೆ ಬಣ್ಣಬಣ್ಣದ ಮರಳುಗಲ್ಲು ಮತ್ತು ಜೇಡಿ, ಇನ್ನೂ ಕೆಳಗೆ ಕಪ್ಪು ಜೇಡಿಯ ನಡುವೆ ಲಿಗ್ನೈಟಿನ ತೆಳುಗೆರೆ. ಮರಳುಗಲ್ಲಿನೊಳಗೆ ಇಳಿದ ಮಳೆನೀರು ಜೇಡಿಯನ್ನು ದಾಟಲಾರದೆ ದಂಡೆಯ ಬುಡದಲ್ಲಿ ಒರತೆಯಾಗಿ ಹೊರಬರುತ್ತದೆ. ಭಾರತೀಯ ಭೂವೈಜ್ಞಾನಿಕ ಸರ್ವೇಕ್ಷಣೆಯ ವಿಲಿಯಂ ಕಿಂಗ್ 1882ರಲ್ಲಿ ಈ ಪದರಗಳಿಗೆ ಊರಿನದೇ ಹೆಸರಿಟ್ಟ. ಮರುವರ್ಷವೇ ದಕ್ಷಿಣ ತಿರುವಾಂಕೂರಿನ ಬಗ್ಗೆ ಬರೆದವನು ರಾಬರ್ಟ್ ಬ್ರೂಸ್ ಫೂಟ್. ಅದಕ್ಕೆ ಮೊದಲೇ ಕಲಾದಗಿಯ ಶಿಲೆಗಳನ್ನು ವಿವರಿಸಿದ್ದ ಇವನು ಕನ್ನಡ ನಾಡಿಗೆ ಹಳೆಯ ಪರಿಚಯದವನು.

ಈಗ ಎಣ್ಣೆಯ ಲೆಕ್ಕ. ಜೇಡಿಯೊಳಗೆ ಹುದುಗಿದ ಜೀವಿಗಳ ಅವಶೇಷ ಎಣ್ಣೆಯಾಗಲು ಸುಮಾರು 60ರಿಂದ 120 ಡಿಗ್ರಿ ಸೆಲ್ಸಿಯಸ್ ಶಾಖ ಬೇಕು, ಅದೂ ಲಕ್ಷಾಂತರ ವರ್ಷ. ಕೇರಳದ ನೆಲದ ಭಾಗದಲ್ಲಿ ಹೂಳು ಅತಿ ದಪ್ಪವಾಗಿರುವ ಆಲಪ್ಪುಳದ ಆಸುಪಾಸಿನಲ್ಲೂ ಆಳ ಸುಮಾರು 600 ಮೀಟರ್. ಕಿಲೋಮೀಟರಿಗೆ 30 ಡಿಗ್ರಿ ಏರುತ್ತದೆಂದು ಹಿಡಿದರೂ ತಳದಲ್ಲಿ 45 ಡಿಗ್ರಿ ದಾಟುವುದಿಲ್ಲ, ರಾಯಚೂರಿನ ಮೇ ತಿಂಗಳ ಮಧ್ಯಾಹ್ನದಷ್ಟು. ಕಡಲಿನೊಳಗೆ ಹೂಳು ಕಿಲೋಮೀಟರುಗಟ್ಟಲೆ ಇದೆಯಲ್ಲ ಎಂದು ಯಾರಾದರೂ ಕೇಳಬಹುದು. ನಿಜ, ಅಲ್ಲಿ ಶಾಖಕ್ಕೆ ಕೊರತೆಯಿಲ್ಲ. ಆದರೆ ಅಲ್ಲಿನ ಬಹುಭಾಗದಲ್ಲಿ ಹಳೆಯ ಪದರಗಳ ಮೇಲೆ ದಖ್ಖನ್ ಕಾಲದ ಬಸಾಲ್ಟ್ ಹಾಸಿಕೊಂಡಿದೆ. ಮೇಲಿನಿಂದ ಕಳಿಸಿದ ಧ್ವನಿತರಂಗಗಳನ್ನು ಅದು ಚದುರಿಸುವುದರಿಂದ ಕೆಳಗೇನಿದೆಯೆಂದು ಸ್ಪಷ್ಟವಾಗಿ ಕಾಣುವುದಿಲ್ಲ. ರಾಜಸ್ಥಾನದ ಬಾಡಮೇರ್‌ನಲ್ಲಿ ಶೆಲ್ ಕಂಪನಿ ಬಿಟ್ಟುಹೋದ ಮೇಲೆ 2004ರಲ್ಲಿ ಕೇರ್ನ್‌ಗೆ ಮಂಗಳಾ ನಿಕ್ಷೇಪ ಸಿಕ್ಕಿತಲ್ಲ ಎಂಬುದು ಇನ್ನೊಂದು ವಾದ. ಅದು ತಾಳ್ಮೆಯ ಪರವಾದ ಒಳ್ಳೆಯ ವಾದ; ಆದರೆ ಬಾಡಮೇರ್ ಒಣನೆಲ, ಅಲ್ಲಿ ಒಂದು ಬಾವಿ ಬರಿದಾದರೆ ಇನ್ನೊಂದು ಕೊರೆಯಬಹುದು. ಆಳಸಮುದ್ರದಲ್ಲಿ ಒಂದೊಂದು ಬರಿಬಾವಿಗೂ ನೂರಾರು ಕೋಟಿ ಸುರಿಯಬೇಕು. ಹುಡುಕಲಿ, ಬೇಡವೆನ್ನುವವರಾರು? ಸಿಗುವ ಮೊದಲೇ ‘ಕೇರಳ ಇನ್ನೊಂದು ಕೊಲ್ಲಿ ರಾಷ್ಟ್ರ’ ಎಂಬ ಮಾತು ಮಾತ್ರ ಬೇಡ.

ಈ ತೀರ ಮಾಡಿದ ನಿಜವಾದ ಕೆಲಸ ಬೇರ್ಪಡಿಸುವುದು. ಮೊರದಲ್ಲಿ ಭತ್ತ ಕೇರುವಾಗ ಗಾಳಿಗೆ ಹೊಟ್ಟು ಹಾರುತ್ತದೆ, ಕಾಳು ಉಳಿಯುತ್ತದೆ. ಮೊರವನ್ನು ಓರೆಮಾಡಿ ಆಡಿಸುತ್ತ ಹೋದರೆ ಕಾಳಿನಿಂದ ಕಲ್ಲೂ ಬೇರೆಯಾಗುತ್ತದೆ. ಕೈಗೆ ಬೇಕಾದದ್ದು ತೂಕದ ಅಂತರ ಮತ್ತು ಬೇಸರವಿಲ್ಲದೆ ಆಡಿಸುವ ತಾಳ್ಮೆ. ಕಡಲಿಗೆ ಎರಡೂ ಇವೆ. ಘಟ್ಟದ ಖೊಂಡಲೈಟ್, ಚಾರ್ನೊಕೈಟ್ ಕಲ್ಲುಗಳು ಮಳೆಗೆ ಕೊಳೆತು ಇಳಿದಾಗ ಅವುಗಳೊಳಗಿನ ಹೊಟ್ಟು ಎಂದರೆ ಜೇಡಿ. ಅದು ನಿಂತ ನೀರಿನಲ್ಲಿ ತಂಗಿ ಚೀನಾ ಮಣ್ಣಿನ ಪದರವಾಯಿತು. ಕುಂಡರ ಮತ್ತು ತೋನ್ನಯ್ಕಲ್‌ಗಳ ಚೀನಾ ಮಣ್ಣಿನ ಗಣಿಗಳಲ್ಲಿ ಅಂಥ ಪದರಗಳೂ ಸಿಗುತ್ತವೆ. ಸ್ಫಟಿಕ ಮರಳಿನ ಸಾಂದ್ರತೆ 2.65, ಇಲ್ಮನೈಟ್, ಜಿರ್ಕಾನ್‌ಗಳದು ಅದಕ್ಕಿಂತ ಸುಮಾರು ಎರಡು ಹೆಚ್ಚು, ಮೊನಜೈಟ್‌ನದು 5ರ ಆಸುಪಾಸು. ಮುಂಗಾರಿನ ಅಲೆ ಹಗುರ ಮರಳನ್ನು ಎಳೆದೊಯ್ದು ಭಾರದ ಕರಿಮರಳನ್ನು ದಂಡೆಗೆ ಬಿಡುತ್ತದೆ. ಕೊಲ್ಲಂ ಬಳಿಯ ಚವರದಲ್ಲಿ ಇನ್ನೊಂದು ವಿಶೇಷವಿದೆ. ಶುದ್ಧ ಇಲ್ಮನೈಟ್‌ನಲ್ಲಿ ಟೈಟಾನಿಯಂ ಡೈಆಕ್ಸೈಡ್ ಶೇ. 53ರಷ್ಟಿರಬೇಕು, ಚವರದ್ದರಲ್ಲಿ ಶೇ. 60ರ ಹತ್ತಿರ. ಉಷ್ಣವಲಯದ ನೀರು ಸಾವಿರಾರು ವರ್ಷ ಕಬ್ಬಿಣವನ್ನು ತೊಳೆದು ತೆಗೆದುದರ ಫಲ ಅದು.

ಈ ಮರಳಿನ ಬೆಲೆ ತಿಳಿದದ್ದು ತೆಂಗಿನ ನಾರಿನಿಂದ. ತಿರುವಾಂಕೂರಿನಿಂದ ಬಂದ ನಾರಿಗೆ ಅಂಟಿದ್ದ ಮರಳಿನಲ್ಲಿ ಜರ್ಮನಿಯ ರಸಾಯನತಜ್ಞ ಶೋಂಬರ್ಗ್ 1909ರಲ್ಲಿ ಮೊನಜೈಟ್ ಕಂಡ. ಆಗ ಜಗತ್ತಿಗೆ ಬೇಕಾಗಿದ್ದದ್ದು ಗ್ಯಾಸ್‌ಲೈಟಿನ ಮ್ಯಾಂಟಲ್‌ಗೆ ಅದರೊಳಗಿನ ಥೋರಿಯಂ. ಬೇಡಿಕೆ ಬದಲಾಯಿತು, ಮರಳು ಬದಲಾಗಲಿಲ್ಲ. 1963ರ ನವೆಂಬರ್ 21ರಂದು ತುಂಬಾದಿಂದ ಮೊದಲ ರಾಕೆಟ್ ಹಾರಿತು. ಭೂಕಾಂತೀಯ ಸಮಭಾಜಕ ಅದರ ಸಮೀಪವೇ ಹಾದುಹೋಗುತ್ತಿತ್ತು ಎಂಬುದು ಆ ಜಾಗದ ಆಯ್ಕೆಗೆ ಮುಖ್ಯ ಕಾರಣ, ಮರಳಿಗೂ ಅದಕ್ಕೂ ಸಂಬಂಧವಿರಲಿಲ್ಲ. ಆದರೆ 2011ರಲ್ಲಿ ಚವರದ ಖನಿಜ ಕಂಪನಿ ಕೆಎಂಎಂಎಲ್ ಆವರಣದಲ್ಲಿ, ಇದೇ ಮರಳಿನ ಇಲ್ಮನೈಟ್‌ನಿಂದ ರಾಕೆಟ್‌ಗಳಿಗೆ ಬೇಕಾದ ಲೋಹ ತೆಗೆಯುವ ಟೈಟಾನಿಯಂ ಸ್ಪಂಜ್ ಕಾರ್ಖಾನೆ ಶುರುವಾದಾಗ ಹಣ ಕೊಟ್ಟದ್ದು ತುಂಬಾದ ವಿಕ್ರಂ ಸಾರಾಭಾಯ್ ಬಾಹ್ಯಾಕಾಶ ಕೇಂದ್ರ.

ಎಣ್ಣೆಯ ಹುಚ್ಚಿನ ಜಾಗಕ್ಕೆ ಈಗ ‘ವಿರಳ ಭಸ್ಮ’ಗಳ ಹುಚ್ಚು ಬಂದಿದೆ. 2025ರ ಏಪ್ರಿಲ್‌ನಲ್ಲಿ ಚೀನಾ ಈ ಗುಂಪಿನ ಕೆಲವು ಲೋಹಗಳ ರಫ್ತಿಗೆ ಕಡಿವಾಣ ಹಾಕಿದ ಮೇಲೆ ಕೇರಳದ ಮರಳೇ ಪರಿಹಾರವೆಂಬಂತೆ ಬರೆಯುತ್ತಿದ್ದಾರೆ. ಮೊನಜೈಟ್‌ನಲ್ಲಿ ಸೀರಿಯಂ, ಲ್ಯಾಂಥನಂ, ನಿಯೋಡಿಮಿಯಂ ಧಾರಾಳ. ಕೊಚ್ಚಿ ಬಳಿಯ ಆಲುವಾದಲ್ಲಿ 1952ರಿಂದಲೂ ಅದನ್ನು ಸಂಸ್ಕರಿಸಿದ ಅನುಭವವಿದೆ. ಆದರೆ ಬಿಸಿಯಲ್ಲೂ ಶಕ್ತಿ ಕಳೆದುಕೊಳ್ಳದ ಅಯಸ್ಕಾಂತಕ್ಕೆ ಬೇಕಾದ ಡಿಸ್ಪ್ರೋಸಿಯಂ, ಟರ್ಬಿಯಂಗಳು ಅದರಲ್ಲಿ ತೀರ ಕಡಿಮೆ, ಚೀನಾ ಹಿಡಿದಿಟ್ಟದ್ದರಲ್ಲಿ ಮುಖ್ಯವಾದವು ಅವೇ. ಪ್ರತಿ ಮುಂಗಾರಿನಲ್ಲೂ ಕಡಲು ಮರಳು ತಂದು ಸುರಿಯುತ್ತದೆ, ಆದ್ದರಿಂದ ಇದು ಮುಗಿಯದ ಗಣಿ ಎಂಬ ವಾದವನ್ನೂ ಕೇಳುತ್ತೇವೆ. ಚವರದ ಬಳಿಯ ಆಲಪ್ಪಾಡಿನ ಜನ ಕರಗುತ್ತಿರುವ ನೆಲಕ್ಕಾಗಿ ಮರಳು ಗಣಿಗಾರಿಕೆಯ ವಿರುದ್ಧ ಹೋರಾಟಕ್ಕಿಳಿದಾಗಲೂ ಇದೇ ಚರ್ಚೆ ನಡೆಯಿತು. ಕಡಲು ಕೇರುವುದು ನದಿ ತಂದುಕೊಟ್ಟದ್ದನ್ನು ಮಾತ್ರ. ಕಲ್ಲಡ ನದಿಗೆ ತೆನ್ಮಲೆಯಲ್ಲಿ ಅಣೆಕಟ್ಟು ಕಟ್ಟಲಾಗಿದೆ, ಅದನ್ನು ದಾಟಿದ ಮರಳಿನಲ್ಲೂ ಬಹಳಷ್ಟು ಅಷ್ಟಮುಡಿ ಹಿನ್ನೀರಿನಲ್ಲೇ ತಂಗುತ್ತದೆ. ಹಾಗಾಗಿ ಚವರದಲ್ಲಿ ತೆಗೆಯುವ ಪ್ರತಿ ಟನ್ನನ್ನೂ ಹಳೆಯ ದಾಸ್ತಾನಿನಿಂದ ಕಳೆಯುತ್ತಲೇ ಲೆಕ್ಕ ಬರೆಯಬೇಕಾಗುತ್ತದೆ.