ಗುರಿ ತಪ್ಪುವುದು ಕಣ್ಣಿನಿಂದಲ್ಲ, ಬೆರಳಿನಿಂದ

2024ರ ಪ್ಯಾರಿಸ್ ಒಲಿಂಪಿಕ್ಸ್ ಹೊತ್ತಿಗೆ ಎಲ್ಲರ ಮೊಬೈಲಿಗೂ ಒಂದು ಫೋಟೋ ಬಂದಿತ್ತು, ನೆನಪಿದೆಯಾ? ಟೀ ಶರ್ಟು, ಮಾಮೂಲಿ ಕನ್ನಡಕ, ಎಡಗೈ ಪ್ಯಾಂಟಿನ ಜೇಬಿನಲ್ಲಿ, ಬಲಗೈಯಲ್ಲಿ ಪಿಸ್ತೂಲು. ಟರ್ಕಿಯ ಯೂಸುಫ್ ಡಿಕೆಚ್, ವಯಸ್ಸು 51. ಏರ್ ಪಿಸ್ತೂಲ್ ಮಿಶ್ರ ತಂಡ ವಿಭಾಗದಲ್ಲಿ ಅವರ ಜೋಡಿಗೆ ಬೆಳ್ಳಿ. ಅದೇ ಸ್ಪರ್ಧೆಯಲ್ಲಿ ನಮ್ಮ ಮನು ಭಾಕರ್, ಸರಬ್ಜೋತ್ ಸಿಂಗ್ ಜೋಡಿಗೆ ಕಂಚು.

ಅಂಥ ಫೋಟೋ ನೋಡಿದ ಮಕ್ಕಳು, ಕಾಲೇಜಿನ ಎನ್‌ಸಿಸಿಯಲ್ಲಿ ರೈಫಲ್ ಹಿಡಿದ ಮಕ್ಕಳು ಮನೆಗೆ ಬಂದು ‘ಉಪ್ಪಾ, ನಾನೂ ಶೂಟಿಂಗ್ ಕಲೀಲಾ?’ ಅಂತ ಕೇಳುತ್ತಾರೆ. ಉಮ್ಮನ ಎದೆ ಧಸಕ್ ಅನ್ನುತ್ತದೆ. ‘ಪಿಸ್ತೂಲಾ? ಬೇಡ ಮೋನೇ, ಊರವರು ಏನಂದಾರು?’ ಚಿತ್ರದುರ್ಗವಿರಲಿ, ಹಿರಿಯೂರು, ಹೊಸದುರ್ಗ, ಹೊಳಲ್ಕೆರೆ ಇರಲಿ, ವ್ಯಾಪಾರ ಮಾಡಿಕೊಂಡು ಊರವರ ನಡುವೆ ಬದುಕುವ ನಮಗೆ ಈ ಅಳುಕು ಸುಳ್ಳಲ್ಲ. ಆದರೆ ಬೇಡ ಅನ್ನುವ ಮೊದಲು ಇದು ಎಂಥ ಆಟ ಅಂತ ತಿಳಿದುಕೊಳ್ಳೋಣ.

ದುರ್ಗದ ಕೋಟೆಯಲ್ಲಿ ಮದ್ದು ಅರೆಯುವ ಕಲ್ಲುಗಳನ್ನು ನೋಡಿದ್ದೇವೆ. ಏರ್ ಪಿಸ್ತೂಲಿಗೆ ಆ ಮದ್ದೇ ಬೇಡ. ಒತ್ತಿ ತುಂಬಿದ ಗಾಳಿ 4.5 ಮಿ.ಮೀ. ಗಾತ್ರದ ಸಣ್ಣ ಗುಂಡನ್ನು ತಳ್ಳುತ್ತದೆ. ದೂರ 10 ಮೀಟರ್. ನಡುವಿನ ಹತ್ತು ಅಂಕದ ವೃತ್ತ 11.5 ಮಿ.ಮೀ. ಮಾತ್ರ, ನಮ್ಮ ಅಂಗಿಯ ಗುಂಡಿಯಷ್ಟು. 75 ನಿಮಿಷದಲ್ಲಿ 60 ಸಲ, ಒಂದೇ ಕೈಯಲ್ಲಿ ಹೊಡೆಯಬೇಕು. ಡಿಕೆಚ್ ಜೇಬಿಗೆ ಕೈ ಹಾಕಿದ್ದು ಸ್ಟೈಲಿಗಲ್ಲ. ಆ ಕೈ ಅಲುಗಾಡಿದರೆ ಮೈಯೂ ಅಲುಗುತ್ತದೆ.

ಹೊಸಬರು ಮಾಡುವ ಮೊದಲ ತಪ್ಪು, ಗುರಿಯ ಕಾಗದವನ್ನೇ ದಿಟ್ಟಿಸುವುದು. ನೋಡಬೇಕಾದದ್ದು ಪಿಸ್ತೂಲಿನ ತುದಿಯ ಫ್ರಂಟ್ ಸೈಟನ್ನು. ಅದು ಸ್ಪಷ್ಟವಾಗಿರಬೇಕು, ಗುರಿ ಮಸುಕಾಗಿ ಕಂಡರೂ ಪರವಾಗಿಲ್ಲ. ಯಾಕೆ ಗೊತ್ತಾ? ಮುಂದಿನ ಸೈಟಿಗೂ ಹಿಂದಿನ ಸೈಟಿಗೂ ಒಂದು ಅಡಿಗಿಂತ ಸ್ವಲ್ಪ ಹೆಚ್ಚು ಅಂತರ. ಅಲ್ಲಿ 1 ಮಿ.ಮೀ. ಓರೆಯಾದರೆ ಗುರಿಯಲ್ಲಿ ಸುಮಾರು 3 ಸೆಂ.ಮೀ. ತಪ್ಪುತ್ತದೆ. ಸೈಟು ಸರಿಯಿದ್ದು ಇಡೀ ಕೈ 1 ಮಿ.ಮೀ. ಸರಿದರೆ ತಪ್ಪುವುದು ಅಷ್ಟೇ 1 ಮಿ.ಮೀ. ಕೈ ಸ್ವಲ್ಪ ತೂಗುವುದು ಎಲ್ಲರಿಗೂ ಇದ್ದದ್ದೇ, ಅದಕ್ಕೆ ಹೆದರಬೇಡಿ.

ಎರಡನೆಯದು ಬೆರಳಿನ ಅವಸರ. ‘ಈಗ ಸರಿಯಾಗಿದೆ, ಹೊಡಿ’ ಅಂತ ಮನಸ್ಸು ಹೇಳಿದ ಕೂಡಲೇ ಟ್ರಿಗರನ್ನು ಜಗ್ಗಿಬಿಡುತ್ತಾರೆ. ಬಲಗೈಯವರ ಗುಂಡು ಪದೇ ಪದೇ ಎಡಕ್ಕೆ, ಕೆಳಕ್ಕೆ ಬೀಳುತ್ತಿದ್ದರೆ ಹೆಚ್ಚಾಗಿ ಕಾರಣ ಇದೇ. ಬೆರಳು ನೇರವಾಗಿ ಹಿಂದಕ್ಕೆ, ಒಂದೇ ಸಮನೆ ಬರಬೇಕು. ಉಳಿದ ಬೆರಳುಗಳ ಹಿಡಿತ ಬದಲಾಗಬಾರದು.

ಮೂರನೆಯದು ಹಠ. ಕೈ ಎತ್ತಿ ಎಂಟು, ಹತ್ತು ಸೆಕೆಂಡಾದರೂ ಗುಂಡು ಹೋಗದಿದ್ದರೆ ತೋಳು ಸೋಲುತ್ತದೆ, ಕಣ್ಣು ಮಂಜಾಗುತ್ತದೆ. ಕೈ ಇಳಿಸಿ, ಉಸಿರು ತೆಗೆದುಕೊಂಡು ಮತ್ತೆ ಎತ್ತಬೇಕು. ಇನ್ನು, ಗುಂಡು ಹೋದ ಕೂಡಲೇ ಕೈ ಇಳಿಸುವುದೂ ತಪ್ಪೇ. ಒಂದೆರಡು ಸೆಕೆಂಡು ಹಾಗೇ ಹಿಡಿದಿರಬೇಕು.

ಒಂದು ಗುಂಡು ತಪ್ಪಿತೆಂದು ಸೈಟು ತಿರುಗಿಸುವುದು ನಾಲ್ಕನೆಯ ತಪ್ಪು. ಐದು ಹೊಡೆದು ನೋಡಿ. ಐದೂ ಒಂದೇ ಕಡೆ ಗುಂಪಾಗಿ, ನಡುವಿನಿಂದ ದೂರ ಬಿದ್ದಿದ್ದರೆ ಸೈಟು ಸರಿಪಡಿಸಿ. ಚೆಲ್ಲಾಪಿಲ್ಲಿಯಾಗಿದ್ದರೆ ಸರಿಪಡಿಸಬೇಕಾದದ್ದು ನಿಮ್ಮನ್ನೇ.

ತಾಳ್ಮೆಯ ಮಾತು ಬಂದರೆ ಬೆಂಗಳೂರಿನ ಪ್ರಕಾಶ್ ನಂಜಪ್ಪ ಅವರನ್ನು ನೆನೆಯಬೇಕು. 2013ರ ವಿಶ್ವಕಪ್‌ನಲ್ಲಿ ಕಂಚು ಗೆದ್ದವರಿಗೆ ಅದೇ ವರ್ಷ ಸ್ಪೇನಿನಲ್ಲಿ ಮುಖದ ಒಂದು ಭಾಗಕ್ಕೆ ಪಾರ್ಶ್ವವಾಯು ಬಡಿಯಿತು. ಮರುವರ್ಷ ಗ್ಲಾಸ್ಗೋ ಕಾಮನ್‌ವೆಲ್ತ್ ಕ್ರೀಡಾಕೂಟದಲ್ಲಿ 10 ಮೀಟರ್ ಏರ್ ಪಿಸ್ತೂಲಿನಲ್ಲೇ ಬೆಳ್ಳಿ ತಂದರು. ಹೆಣ್ಣುಮಕ್ಕಳಿಗೆ ಬೆಂಗಳೂರಿನವರೇ ಆದ ಟಿ.ಎಸ್. ದಿವ್ಯಾ ಇದ್ದಾರೆ, 2023ರಲ್ಲಿ ಬಾಕು ವಿಶ್ವಕಪ್‌ನ ಮಿಶ್ರ ತಂಡದಲ್ಲಿ ಚಿನ್ನ, ಹಾಂಗ್‌ಝೌ ಏಷ್ಯನ್ ಗೇಮ್ಸ್‌ನಲ್ಲಿ ಬೆಳ್ಳಿ. ತಲೆವಸ್ತ್ರದ ಚಿಂತೆಯೂ ಬೇಡ. ಇರಾನಿನ ಹೆಣ್ಣುಮಕ್ಕಳು ಅದನ್ನು ಧರಿಸಿಯೇ ಒಲಿಂಪಿಕ್ಸ್‌ನಲ್ಲಿ ಗುರಿ ಇಟ್ಟಿದ್ದಾರೆ.

ಇನ್ನು ಮನೆಯವರ ಜವಾಬ್ದಾರಿ. 4.5 ಮಿ.ಮೀ. ಗಾತ್ರದ, 20 ಜೂಲ್ ಮೀರದ ಏರ್ ಪಿಸ್ತೂಲಿಗೆ 2016ರ ಶಸ್ತ್ರ ನಿಯಮಗಳಡಿ ಲೈಸೆನ್ಸ್ ಬೇಕಿಲ್ಲ. ಹಾಗಂತ ಅದು ಆಟಿಕೆಯಲ್ಲ, ಕಣ್ಣಿಗೆ ಬಿದ್ದರೆ ಕಣ್ಣೇ ಹೋದೀತು. ಬಿಲ್ ಇಲ್ಲದೆ ಕೊಳ್ಳಬೇಡಿ. ಪೆಟ್ಟಿಗೆಯಲ್ಲಿಟ್ಟು ಬೀಗ ಹಾಕಿ, ಗುಂಡು ಬೇರೆ ಕಡೆ ಇಡಿ. ಖಾಲಿ ಇದ್ದರೂ ಯಾರ ಕಡೆಗೂ ತಿರುಗಿಸಬಾರದು. ಹೊಡೆಯುವ ಹೊತ್ತಿನ ತನಕ ಬೆರಳು ಟ್ರಿಗರಿನಿಂದ ಹೊರಗಿರಬೇಕು. ಫೋಟೋ ತೆಗೆದು ಸ್ಟೇಟಸ್‌ಗೆ ಹಾಕುವ ಚಾಳಿ ಬೇಡವೇ ಬೇಡ. ಊರವರ ಬಾಯಿಗೆ ನಾವೇ ಮಾತು ಕೊಟ್ಟಂತೆ ಆಗುತ್ತದೆ.

ಪಿಸ್ತೂಲು ಕೊಳ್ಳುವ ಮುಂಚೆ ಒಂದು ಕೆಲಸ ಮಾಡಿ. ಒಂದು ಲೀಟರ್ ನೀರಿನ ಬಾಟಲಿಯ ತೂಕ ಹೆಚ್ಚುಕಡಿಮೆ ಏರ್ ಪಿಸ್ತೂಲಿನ ತೂಕವೇ. ಬಿಳಿ ಗೋಡೆಯೆದುರು ನಿಂತು, ಕೈ ಚಾಚಿ 30 ಸೆಕೆಂಡ್ ಹಿಡಿಯಲಿ. ಹತ್ತು ಸಲ, ದಿನಾ. ಎರಡು ತಿಂಗಳು ಬಿಡದೆ ಮಾಡಿದ ಮಗುವನ್ನು ರಜೆಯಲ್ಲಿ ಬೆಂಗಳೂರಿನ ನೆಂಟರ ಮನೆಗೆ ಕಳಿಸಿ, ನುರಿತ ಕೋಚ್ ಇರುವ ಶೂಟಿಂಗ್ ರೇಂಜ್‌ಗೆ ಸೇರಿಸಿ. ವಾರಕ್ಕೇ ಬಾಟಲಿ ಮೂಲೆ ಸೇರಿದರೆ ನಿಮ್ಮ ದುಡ್ಡೂ ಉಳಿಯಿತು, ಉಮ್ಮನ ನಿದ್ದೆಯೂ ಉಳಿಯಿತು.