ನಾನೂರು ಮೀಟರ್ ನೇರ ದಾರಿ

ಮುಲುಂಡ್‌ನಲ್ಲಿ ಮನೆ ಮಾಡಿದವರಿಗೆ ಈಸ್ಟರ್ನ್ ಎಕ್ಸ್‌ಪ್ರೆಸ್ ಹೈವೇಗೆ ಎರಡು ಮುಖಗಳಿವೆ ಎಂದು ಗೊತ್ತು. ಹಗಲಿನದು ಆಫೀಸಿಗೆ ಹೊರಟವರ ಮುಖ. ಘಾಟ್‌ಕೋಪರ್ ದಾಟಲು ಅರ್ಧ ಗಂಟೆ, ಅಲ್ಲಿಂದ ಮುಂದೆ ದೇವರೇ ಗತಿ. ಇನ್ನೊಂದು ಮುಖ ಶನಿವಾರ ನಡುರಾತ್ರಿ ಕಳೆದ ಮೇಲೆ ಕಾಣುತ್ತದೆ, ಕಾಣುವುದಕ್ಕಿಂತ ಹೆಚ್ಚಾಗಿ ಕೇಳುತ್ತದೆ. ಸೈಲೆನ್ಸರ್ ಬದಲಿಸಿದ ಎರಡು ಬೈಕ್‌ಗಳು ಒಟ್ಟಿಗೆ ಗುಡುಗಿ, ಒಂದರ ಸದ್ದು ಇನ್ನೊಂದನ್ನು ಹಿಂದಿಕ್ಕಿ ಠಾಣೆಯ ಕಡೆ ಕರಗಿ ಹೋಗುತ್ತದೆ. 2024ರ ಅಕ್ಟೋಬರ್‌ನಲ್ಲಿ ಲಘು ವಾಹನಗಳಿಗೆ ಟೋಲ್ ರದ್ದಾದ ಮೇಲೆ ನಮ್ಮ ಚೆಕ್‌ನಾಕಾದ ಬಳಿ ನಿಲ್ಲುವ ಕಾರಣವೂ ಕಡಿಮೆಯಾಗಿದೆ.

ಆ ಸದ್ದು ಕೇಳಿದಾಗ ನನಗೆ ನಿದ್ದೆ ಹಾರುವುದು ಉದ್ಯೋಗದ ದೋಷ. ನಾನು ವಾಹನ ವಿಮೆಯ ಸರ್ವೆಯರ್. ಊರು ಕಾರ್ಕಳದ ಹತ್ತಿರ, ಮುಂಬಯಿಗೆ ಬಂದು ಇಪ್ಪತ್ತೆರಡು ವರ್ಷವಾಯಿತು. ನಜ್ಜುಗುಜ್ಜಾದ ಗಾಡಿಯ ಸುತ್ತ ಒಂದು ಸುತ್ತು ಬಂದು, ಏನಾಯಿತು, ಹೇಗಾಯಿತು, ಎಷ್ಟು ಖರ್ಚು ಎಂದು ಬರೆಯುವುದು ನನ್ನ ಕೆಲಸ. ನಮ್ಮಲ್ಲಿ ಹೆಚ್ಚಿನವರು ಓದದೆ ಮಡಚಿಡುವ ಪಾಲಿಸಿ ಕಾಗದದಲ್ಲಿ 'ಬಳಕೆಯ ಮಿತಿ' ಎಂಬ ಸಾಲೊಂದಿದೆ. ಸಂಘಟಿತ ರೇಸ್, ವೇಗ ಪರೀಕ್ಷೆ ಇತ್ಯಾದಿಗಳಿಗೆ ವಿಮೆ ಅನ್ವಯಿಸುವುದಿಲ್ಲ ಎಂದು ಅದು ಹೇಳುತ್ತದೆ. ಮೋಟಾರು ವಾಹನ ಕಾಯ್ದೆಯ 189ನೇ ಸೆಕ್ಷನ್ ಪ್ರಕಾರ ರಸ್ತೆಯ ಮೇಲಿನ ರೇಸ್ ಜೈಲಿಗೂ ಕಳಿಸಬಹುದಾದ ಅಪರಾಧ. ಗ್ಯಾರೇಜಿನಲ್ಲಿ ನನ್ನ ಮುಂದೆ ನಿಲ್ಲುವ ತಂದೆತಾಯಿಗೆ ಈ ಎರಡೂ ವಿಷಯ ಗೊತ್ತಾಗುವುದು ತಡವಾಗಿ.

ನಮ್ಮ ಸೊಸೈಟಿಯಲ್ಲಿ ಹುಬ್ಬಳ್ಳಿ ಕಡೆಯ ಒಂದು ಕುಟುಂಬವಿದೆ. ಇಪ್ಪತ್ತೆರಡರ ಮಗ ಮೊದಲ ಸಂಬಳದ ಲೆಕ್ಕ ಹಾಕಿ, ಸಾಲ ಮಾಡಿ 390 ಸಿಸಿ ಬೈಕ್ ತಂದ. ಒಂದು ದಿನ ಅವನ ತಾಯಿ ಲಿಫ್ಟ್ ಬಳಿ ತಡೆದು, "ಅಣ್ಣಾರ, ಶನಿವಾರ ರಾತ್ರಿ ಇವ ಮನ್ಯಾಗ ಇರೂದಿಲ್ಲ ನೋಡ್ರಿ. ನೀವರ ಒಂದ್ ಮಾತ್ ಹೇಳ್ರಿ" ಎಂದರು. ಉಪದೇಶ ಹೇಳಿದರೆ ಈ ವಯಸ್ಸಿನವರು ತಲೆಯಾಡಿಸಿ ಹೋಗುತ್ತಾರೆ, ಅಷ್ಟೇ. ಅದಕ್ಕೇ ಅವನಿಗೆ ಕಥೆ ಹೇಳತೊಡಗಿದೆ. ಅವನು ರಾತ್ರಿ ಆಡುತ್ತಿರುವ ಆಟಕ್ಕೆ ಒಂದು ಹೆಸರಿದೆ, ಇತಿಹಾಸವಿದೆ, ದೊಡ್ಡ ದೊಡ್ಡ ಮನುಷ್ಯರಿದ್ದಾರೆ. ಆ ಇತಿಹಾಸವೆಂದರೆ ಬಹುಪಾಲು ಇಂಥ ಹುಡುಗರನ್ನು ರಸ್ತೆಯಿಂದ ಎಬ್ಬಿಸಿ ಬೇರೆ ಜಾಗಕ್ಕೆ ಕರೆದೊಯ್ದವರ ಕಥೆ.

ಡ್ರ್ಯಾಗ್ ರೇಸ್ ಎಂದರೆ ತಿರುವುಗಳಿಲ್ಲದ ಓಟ. ಅಕ್ಕಪಕ್ಕ ಎರಡು ದಾರಿ, ನಿಂತಲ್ಲಿಂದಲೇ ಶುರು, ಕಾಲು ಮೈಲಿ ಅಂದರೆ 402 ಮೀಟರ್ ಮುಗಿದರೆ ಓಟ ಮುಗಿಯಿತು. ಇದು ಹುಟ್ಟಿದ್ದು ಅಮೆರಿಕದ ಕ್ಯಾಲಿಫೋರ್ನಿಯಾದಲ್ಲಿ. 1930ರ ದಶಕದಲ್ಲಿ ಅಲ್ಲಿನ ಹುಡುಗರು ಹಳೆಯ ಫೋರ್ಡ್ ಕಾರುಗಳ ಭಾರ ಇಳಿಸಿ, ಎಂಜಿನ್ ತಿದ್ದಿ ಒಣಗಿದ ಕೆರೆಗಳ ಬಯಲಿನಲ್ಲಿ ಓಡಿಸುತ್ತಿದ್ದರು. ಎರಡನೇ ಮಹಾಯುದ್ಧ ಮುಗಿದು, ಯಂತ್ರಗಳಲ್ಲಿ ಪಳಗಿದ ಸೈನಿಕರು ಮನೆಗೆ ಬಂದ ಮೇಲೆ ಈ ಹುಚ್ಚು ಪಟ್ಟಣದ ರಸ್ತೆಗಳಿಗೆ ಇಳಿಯಿತು. ಸಾವುಗಳಾದವು, ಪತ್ರಿಕೆಗಳು ಬರೆದವು, ಪೊಲೀಸರು ಬೆನ್ನಟ್ಟಿದರು. ನಮ್ಮ ಹೈವೇಯ ಸುದ್ದಿಯನ್ನೇ ಓದಿದಂತೆ ಇಲ್ಲವೇ?

ದಾರಿ ತೋರಿದ್ದು ಖಾಲಿ ಬಿದ್ದ ವಿಮಾನ ಪಟ್ಟಿಗಳು. 1950ರಲ್ಲಿ ಸಾಂಟಾ ಆನಾದ ವಿಮಾನ ನಿಲ್ದಾಣದ ಪಟ್ಟಿಯೊಂದರಲ್ಲಿ ಸಿ.ಜೆ. ಹಾರ್ಟ್ ಎಂಬವರು ಟಿಕೆಟ್ ಇಟ್ಟು, ಗಡಿಯಾರ ಇಟ್ಟು, ಭಾನುವಾರದ ಓಟ ಶುರು ಮಾಡಿದರು. ಅವರ ಹೆಂಡತಿ ಪೆಗ್ಗಿ ಲೆಕ್ಕಪತ್ರವನ್ನೂ ನೋಡಿಕೊಂಡರು, ಗಾಡಿಯನ್ನೂ ಓಡಿಸಿದರು. ಮರುವರ್ಷ 'ಹಾಟ್ ರಾಡ್' ಪತ್ರಿಕೆಯ ಸಂಪಾದಕ ವಾಲಿ ಪಾರ್ಕ್ಸ್, ನ್ಯಾಷನಲ್ ಹಾಟ್ ರಾಡ್ ಅಸೋಸಿಯೇಷನ್ ಕಟ್ಟಿದರು. ಇಂದಿಗೂ ಅಮೆರಿಕದ ಡ್ರ್ಯಾಗ್ ರೇಸ್ ನಡೆಸುವ ದೊಡ್ಡ ಸಂಸ್ಥೆ ಅದೇ. ಅದರ ಮೊದಲ ಅಧಿಕೃತ ಸ್ಪರ್ಧೆ 1953ರಲ್ಲಿ ಪೊಮೋನಾದ ಜಾತ್ರೆ ಮೈದಾನದ ಪಾರ್ಕಿಂಗ್ ಜಾಗದಲ್ಲಿ ನಡೆಯಿತು. ಅದಕ್ಕೆ ಬೆನ್ನಿಗೆ ನಿಂತವರು ಅಲ್ಲಿನ ಪೊಲೀಸ್ ಮುಖ್ಯಸ್ಥರು.

ಇಲ್ಲಿ ನಮ್ಮ ಹುಡುಗ ಕಣ್ಣರಳಿಸಿದ. "ಪೊಲೀಸ್ರ ರೇಸ್ ಮಾಡ್ಸಿದ್ರಾ ಅಂಕಲ್?" ಮಾಡಿಸಿದರು. ಅಷ್ಟೇ ಅಲ್ಲ, 1954ರಿಂದ ಪಾರ್ಕ್ಸ್ ಒಂದು ಕಾರು, ಒಂದು ಟ್ರೇಲರ್ ಕೊಟ್ಟು ನಾಲ್ಕು ಜನರ ತಂಡವನ್ನು ಊರೂರಿಗೆ ಕಳಿಸಿದರು. ಪಟ್ಟಿಯನ್ನು ಹೇಗೆ ಗುರುತಿಸಬೇಕು, ಗಾಡಿಯ ಬ್ರೇಕ್ ಹೇಗೆ ತಪಾಸಣೆ ಮಾಡಬೇಕು, ಸಮಯ ಹೇಗೆ ಅಳೆಯಬೇಕು ಎಂದು ಊರಿನ ಹುಡುಗರಿಗೆ ಹೇಳಿಕೊಡುವ ತಂಡ. ಅದರ ಮುಂದಾಳು ಬಡ್ ಕೂನ್ಸ್ ಪೊಮೋನಾದ ಪೊಲೀಸ್ ಸಾರ್ಜೆಂಟ್ ಆಗಿದ್ದವರು. ಇಡೀ ಇತಿಹಾಸದಲ್ಲಿ ನನಗೆ ಹೆಚ್ಚು ಇಷ್ಟವಾದ ಮನುಷ್ಯ ಇವರೇ. ಇವರ ಹೆಸರಿನಲ್ಲಿ ಯಾವ ವೇಗದ ದಾಖಲೆಯೂ ನೆನಪಿಗೆ ಬರುವುದಿಲ್ಲ, ಬಿಡಿ.

ದಾಖಲೆಗಳ ಮಾತು ಬಂದರೆ ಮೊದಲು ಡಾನ್ ಗಾರ್ಲಿಟ್ಸ್. 1932ರಲ್ಲಿ ಫ್ಲೋರಿಡಾದಲ್ಲಿ ಹುಟ್ಟಿದ ಈತನನ್ನು ಎಲ್ಲರೂ 'ಬಿಗ್ ಡ್ಯಾಡಿ' ಎನ್ನುತ್ತಿದ್ದರು. ತನ್ನ ಕೈಯಾರೆ ಕಟ್ಟಿದ ಗಾಡಿಗಳಿಗೆಲ್ಲ 'ಸ್ವಾಂಪ್ ರ‍್ಯಾಟ್' ಅಂದರೆ ಜೌಗಿನ ಇಲಿ ಎಂದು ಹೆಸರಿಟ್ಟು ನಂಬರ್ ಹಾಕುತ್ತ ಹೋದ. 1964ರಲ್ಲಿ ಗಂಟೆಗೆ 200 ಮೈಲಿ, ಅಂದರೆ 320 ಕಿಲೋಮೀಟರ್ ವೇಗದ ಗಡಿ ದಾಟಿದ. ಆದರೆ ಗಾರ್ಲಿಟ್ಸ್‌ನ ದೊಡ್ಡ ಕೆಲಸ ನಡೆದದ್ದು ಆಸ್ಪತ್ರೆಯ ಹಾಸಿಗೆಯ ಮೇಲೆ. ಆಗ ಉದ್ದನೆಯ ಡ್ರ್ಯಾಗ್‌ಸ್ಟರ್‌ಗಳಲ್ಲಿ ಎಂಜಿನ್ ಚಾಲಕನ ಮುಂದೆ ಇರುತ್ತಿತ್ತು, ಗೇರ್‌ಬಾಕ್ಸ್ ಅವನ ಕಾಲುಗಳ ನಡುವೆ. 1970ರ ಮಾರ್ಚ್‌ನಲ್ಲಿ ಲಾಂಗ್ ಬೀಚ್‌ನ ಪಟ್ಟಿಯಲ್ಲಿ ಹೊರಟ ಕ್ಷಣವೇ ಅದು ಸಿಡಿಯಿತು. ಗಾಡಿ ಎರಡು ತುಂಡಾಯಿತು, ಬಲಪಾದದ ಒಂದು ಭಾಗ ಹೋಯಿತು. ಮಲಗಿದ್ದಲ್ಲೇ ಎಂಜಿನ್ ಚಾಲಕನ ಹಿಂದಿರುವ ಗಾಡಿಯ ಯೋಚನೆ ಮಾಡಿ, ಮರುವರ್ಷ ಅದನ್ನು ಓಡಿಸಿ ಗೆದ್ದ. ಕೆಲವೇ ವರ್ಷಗಳಲ್ಲಿ ಮುಂದೆ ಎಂಜಿನ್ ಇರುವ ಡ್ರ್ಯಾಗ್‌ಸ್ಟರ್ ಮ್ಯೂಸಿಯಂ ಸೇರಿತು. ಅಪಘಾತದ ಕಾರಣ ಬರೆಯುವುದೇ ಕಸುಬಾದ ನನ್ನಂಥವರಿಗೆ ಇದಕ್ಕಿಂತ ಒಳ್ಳೆಯ ಸರ್ವೆ ವರದಿ ಇಲ್ಲ. ಎಂಬತ್ತು ದಾಟಿದ ಮೇಲೂ ಈತ ಬ್ಯಾಟರಿ ಡ್ರ್ಯಾಗ್‌ಸ್ಟರ್‌ನಲ್ಲಿ 290 ಕಿಲೋಮೀಟರ್ ವೇಗ ಮುಟ್ಟಿದ.

ಶರ್ಲಿ ಮಲ್ಡೌನಿ ಇನ್ನೊಬ್ಬರು. ಟಾಪ್ ಫ್ಯೂಯೆಲ್ ಎಂಬ ಅತಿ ವೇಗದ ವಿಭಾಗದಲ್ಲಿ ಓಡಿಸಲು 1973ರಲ್ಲಿ ಲೈಸೆನ್ಸ್ ಪಡೆದ ಮೊದಲ ಮಹಿಳೆ. ಆ ಲೈಸೆನ್ಸಿಗೆ ಅನುಭವಿ ಚಾಲಕರ ಸಹಿ ಬೇಕು. ಸಹಿ ಹಾಕಿದವರಲ್ಲಿ ಗಾರ್ಲಿಟ್ಸ್ ಕೂಡ ಒಬ್ಬ. ಮುಂದೆ ಟ್ರ್ಯಾಕಿನಲ್ಲಿ ಇಬ್ಬರೂ ಕಡು ಎದುರಾಳಿಗಳಾದರು. 1977, 1980, 1982 ಹೀಗೆ ಮೂರು ಬಾರಿ ಆಕೆ ಚಾಂಪಿಯನ್. 1984ರಲ್ಲಿ ಕೆನಡಾದಲ್ಲಿ ಅಪಘಾತವಾಗಿ ಎರಡೂ ಕಾಲು ಜಜ್ಜಿಹೋದವು. ಎರಡು ವರ್ಷದ ನಂತರ ಮತ್ತೆ ಬಂದು ಕೂತರು. ಇನ್ನು ಡಾನ್ ಪ್ರುಡೋಮ್ ಮತ್ತು ಟಾಮ್ ಮ್ಯಾಕ್‌ಇವನ್ ಅಂದರೆ 'ಹಾವು–ಮುಂಗುಸಿ' ಜೋಡಿ. 1970ರಲ್ಲಿ ಇವರಿಗೆ ಹಣ ಹಾಕಿದ್ದು ಹಾಟ್ ವೀಲ್ಸ್ ಆಟಿಕೆ ಕಾರಿನ ಕಂಪನಿ. ಮುಲುಂಡ್ ಸ್ಟೇಷನ್ ಹೊರಗಿನ ಅಂಗಡಿಯಲ್ಲಿ ನೀವು ಮಕ್ಕಳಿಗೆ ಕೊಡಿಸುವ ಅದೇ ಕಾರು.

ಈಗಿನ ಟಾಪ್ ಫ್ಯೂಯೆಲ್ ಗಾಡಿಗಳು ನೈಟ್ರೋಮೀಥೇನ್ ಕುಡಿಯುತ್ತವೆ. ಹನ್ನೊಂದು ಸಾವಿರ ಅಶ್ವಶಕ್ತಿ ಎನ್ನುತ್ತಾರೆ. ನಿಂತಲ್ಲಿಂದ 160 ಕಿಲೋಮೀಟರ್ ವೇಗಕ್ಕೆ ಒಂದು ಸೆಕೆಂಡೂ ಬೇಡ. ಆದರೆ ಈ ಆಟ ತನ್ನ ಹೆಮ್ಮೆಯನ್ನೂ ಕಡಿಮೆ ಮಾಡಿಕೊಳ್ಳಲು ಕಲಿತಿದೆ. 2008ರಲ್ಲಿ ನ್ಯೂಜೆರ್ಸಿಯಲ್ಲಿ ಸ್ಕಾಟ್ ಕಲಿಟ್ಟಾ ಎಂಬ ಚಾಲಕ ಪಟ್ಟಿಯ ಕೊನೆ ದಾಟಿ ಹೋಗಿ ಸತ್ತ ಮೇಲೆ, ಅತಿ ವೇಗದ ಗಾಡಿಗಳಿಗೆ ಓಟದ ದೂರವನ್ನು 402 ಮೀಟರ್‌ನಿಂದ 305ಕ್ಕೆ ಇಳಿಸಿದರು. ನಿಲ್ಲಲು ಜಾಗ ಬೇಕು, ಅಷ್ಟೇ ಕಾರಣ. ನಮ್ಮ ಹೈವೇಯಲ್ಲಿ ಗೆದ್ದವನು ನಿಲ್ಲಬೇಕಾದ ಜಾಗದಲ್ಲಿ ಟ್ರಕ್ ಇರುತ್ತದೆ.

ನಮ್ಮ ದೇಶದಲ್ಲೂ ಮೋಟಾರ್ ರೇಸ್ ಬೆಳೆದದ್ದು ವಿಮಾನ ಪಟ್ಟಿಯ ಮೇಲೆಯೇ. ಚೆನ್ನೈ ಬಳಿಯ ಶೋಲಾವರಂ ಪಟ್ಟಿಯಲ್ಲಿ ದಶಕಗಳ ಕಾಲ ಓಟಗಳಾದವು, ಆಮೇಲೆ ಇರುಂಗಾಟ್ಟುಕೋಟೈಯಲ್ಲಿ ಟ್ರ್ಯಾಕ್ ಬಂತು. ಅಲ್ಲಿ ನಡೆಯುವ ರಾಷ್ಟ್ರೀಯ ಬೈಕ್ ಡ್ರ್ಯಾಗ್ ಚಾಂಪಿಯನ್‌ಷಿಪ್‌ನಲ್ಲಿ ಮತ್ತೆ ಮತ್ತೆ ಕೇಳಿಬರುವ ಹೆಸರು ನಮ್ಮವರದೇ, ಬೆಂಗಳೂರಿನ ಹೇಮಂತ್ ಮುದ್ದಪ್ಪ. ಮಂತ್ರ ರೇಸಿಂಗ್ ತಂಡದ ಸುಜುಕಿ ಹಯಾಬುಸಾ ಏರಿ ರಾಷ್ಟ್ರೀಯ ಪ್ರಶಸ್ತಿಗಳನ್ನು ಸಾಲಾಗಿ ಗೆದ್ದವರು. ಕ್ರಿಕೆಟಿಗನಾಗಿದ್ದರೆ ಇಷ್ಟು ಹೊತ್ತಿಗೆ ಮನೆಮಾತಾಗಿರುತ್ತಿದ್ದರು. ಮುಂಬಯಿಯ ನಮಗೆ ಹತ್ತಿರದ ಜಾಗ ಲೋನಾವಳಾ ಆಚೆ, ಆಂಬಿ ವ್ಯಾಲಿಯ ವಿಮಾನ ಪಟ್ಟಿ. ಅಲ್ಲಿ 'ವ್ಯಾಲಿ ರನ್' ಎಂಬ ಡ್ರ್ಯಾಗ್ ಸ್ಪರ್ಧೆ ನಡೆಯುತ್ತದೆ. ಮುಲುಂಡ್‌ನಿಂದ ನೂರು ಕಿಲೋಮೀಟರ್ ಆಸುಪಾಸು.

ಒಂದು ಸಲ ಹುಡುಗನನ್ನು ಅಲ್ಲಿಗೆ ಕರೆದುಕೊಂಡು ಹೋದೆ. ಹೆಲ್ಮೆಟ್, ಜಾಕೆಟ್, ಗ್ಲೋವ್ಸ್, ಬೈಕ್ ತಪಾಸಣೆ, ಸಹಿ ಮಾಡುವ ಕಾಗದ. ಇದೆಲ್ಲ ಮುಗಿಯುವಷ್ಟರಲ್ಲಿ ಅವನ ಅರ್ಧ ಉತ್ಸಾಹ ಇಳಿದಿತ್ತು. ಓಟದಲ್ಲಿ ಪಕ್ಕದ ಸಾಲಿಗೆ ಬಂದವರು ನಲವತ್ತು ದಾಟಿದ, ಹೊಟ್ಟೆ ಬಂದ ಒಬ್ಬರು, ಹಳೆಯ ಬೈಕ್. ನಮ್ಮವನು ಸೋತ. ಚೀಟಿ ನೋಡಿದರೆ ಓಟದ ಸಮಯ ಇವನದೇ ಕಡಿಮೆ! ಡ್ರ್ಯಾಗ್ ರೇಸಿನ ಗುಟ್ಟು ಇರುವುದು ಇಲ್ಲೇ. 1963ರಿಂದ ಬಾವುಟದ ಬದಲು ಸಾಲುದೀಪದ ಕಂಬ ಬಂದಿದೆ, ಅಲ್ಲಿನವರು ಅದನ್ನು 'ಕ್ರಿಸ್ಮಸ್ ಟ್ರೀ' ಎನ್ನುತ್ತಾರೆ. ಹಸಿರು ಬಂದ ಮೇಲೆ ನೀವು ಹೊರಡಲು ತೆಗೆದುಕೊಂಡ ಸಮಯಕ್ಕೆ ಬೇರೆ ಲೆಕ್ಕ. ಆ ಹೊಟ್ಟೆಯ ಮನುಷ್ಯ ದೀಪದ ಜೊತೆಗೇ ಹೊರಟಿದ್ದರು, ನಮ್ಮವನು ಮುಕ್ಕಾಲು ಸೆಕೆಂಡು ಎಂಜಿನ್ ಗುಡುಗಿಸುತ್ತ ನಿಂತಿದ್ದ. ವಾಪಸು ಬರುವಾಗ ಖಂಡಾಲಾ ಘಾಟ್ ಇಳಿಯುವವರೆಗೂ ಮಾತಿಲ್ಲ. ಆಮೇಲೆ, "ಅಂಕಲ್, ರಸ್ತೆದಾಗ ಇದು ಗೊತ್ತ ಆಗೂದಿಲ್ರಿ" ಎಂದ.

ಅಮೆರಿಕದಲ್ಲಿ ಇನ್ನೊಂದು ಪದ್ಧತಿಯಿದೆ, ಸಾಮಾನ್ಯರ ಓಟಕ್ಕೆ. ನಿಮ್ಮ ಗಾಡಿ ಎಷ್ಟು ಸೆಕೆಂಡಿನಲ್ಲಿ ಓಡುತ್ತದೆಂದು ಮೊದಲೇ ಬರೆದುಕೊಡಬೇಕು. 14 ಎಂದು ಬರೆದವನಿಗೆ 12 ಎಂದು ಬರೆದವನಿಗಿಂತ ಎರಡು ಸೆಕೆಂಡು ಮೊದಲು ಹಸಿರು ದೀಪ. ಬರೆದದ್ದಕ್ಕಿಂತ ವೇಗವಾಗಿ ಓಡಿದರೆ ಸೋತಂತೆ. ಹಾಗಾಗಿ ಮನೆಯ ಹಳೆಯ ಕಾರಿನಲ್ಲೂ ಗೆಲ್ಲಬಹುದು. ಇದು ಕೇಳಿದಾಗ ನನಗೆ ನೆನಪಾದದ್ದು ನಮ್ಮೂರಿನ ಕಂಬಳದ ಕನೆಹಲಗೆ. ಅಲ್ಲೂ ಮೊದಲು ಮುಟ್ಟುವುದು ಮುಖ್ಯವಲ್ಲ, ನೀರು ಆರೂವರೆ ಕೋಲು, ಏಳೂವರೆ ಕೋಲು ಎತ್ತರದ ನಿಶಾನೆಗೆ ಚಿಮ್ಮಬೇಕು.

ನಿಜ ಹೇಳಬೇಕೆಂದರೆ ಕರಾವಳಿಯವರಿಗೆ ಡ್ರ್ಯಾಗ್ ರೇಸ್ ಹೊಸದೇನಲ್ಲ. ಜೋಡುಕರೆ ಎಂದರೇನು? ಅಕ್ಕಪಕ್ಕ ಎರಡು ನೇರ ಕರೆ, ಗಂತಿನಿಂದ ಮಂಜೊಟ್ಟಿಗೆ ಒಂದೇ ಓಟ. ಮಿಯಾರಿನಲ್ಲಿ ಕರೆಗಳಿಗೆ ಲವ–ಕುಶ ಎಂದು ಹೆಸರು, ಮೂಡುಬಿದಿರೆಯಲ್ಲಿ ಕೋಟಿ–ಚೆನ್ನಯ. ಈಗ ಅಲ್ಲೂ ಸೆನ್ಸರ್ ಬಂದು ಸೆಕೆಂಡಿನ ನೂರನೇ ಒಂದು ಭಾಗದ ಲೆಕ್ಕ ಸಿಗುತ್ತದೆ. 2020ರ ಫೆಬ್ರುವರಿಯಲ್ಲಿ ಐಕಳದಲ್ಲಿ ಮಿಯಾರಿನ ಶ್ರೀನಿವಾಸ ಗೌಡರು 142.5 ಮೀಟರನ್ನು 13.62 ಸೆಕೆಂಡಿನಲ್ಲಿ ಓಡಿದಾಗ, ನೂರು ಮೀಟರಿಗೆ 9.55 ಎಂದು ಲೆಕ್ಕ ಹಾಕಿ ದೇಶವೆಲ್ಲ ಉಸೇನ್ ಬೋಲ್ಟ್ ಜೊತೆ ಹೋಲಿಸಿತು. ಕೇಂದ್ರ ಕ್ರೀಡಾ ಸಚಿವರು ಪರೀಕ್ಷೆಗೆ ಕರೆದರು, ಗೌಡರು ನಯವಾಗಿ ಒಲ್ಲೆ ಎಂದರು. ಅವರೇ ಸರಿ. ಎಳೆಯುವ ಕೋಣಗಳಿಲ್ಲದೆ ಆ ಲೆಕ್ಕಕ್ಕೆ ಅರ್ಥವಿಲ್ಲ, ಆ ಕೆಸರಿನಲ್ಲಿ ಬೋಲ್ಟ್ ನಿಲ್ಲಲಾರ. ಕೋರ್ಟು, ನಿಷೇಧ, ಹೊಸ ಕಾನೂನು ಎಲ್ಲ ದಾಟಿ 2023ರ ಮೇ 18ರಂದು ಸುಪ್ರೀಂ ಕೋರ್ಟ್ ಕಂಬಳಕ್ಕೂ, ಇದೇ ಮಹಾರಾಷ್ಟ್ರದ ಎತ್ತಿನಗಾಡಿ ಶರ್ಯತ್ತಿಗೂ ಹಸಿರು ದೀಪ ತೋರಿದೆ.

ಕೋಣಕ್ಕೂ ಎತ್ತಿಗೂ ಇರುವ ನೇರ ದಾರಿ ಎರಡು ಕೋಟಿ ಜನರ ಈ ಮಹಾನಗರದ ಬೈಕ್ ಹುಡುಗರಿಗಿಲ್ಲ. ಆಂಬಿ ವ್ಯಾಲಿಯ ಸ್ಪರ್ಧೆ ಯಾವಾಗಲೋ ಒಮ್ಮೆ, ಶನಿವಾರ ಮಾತ್ರ ವಾರವಾರವೂ ಬರುತ್ತದೆ. ನಾಕಾಬಂದಿ ಹಾಕಿ ಬೈಕ್ ಹಿಡಿಯುವ ಪೊಲೀಸರನ್ನು ನಾನು ದೂರುವುದಿಲ್ಲ, ಅವರು ಹಿಡಿಯದ ಬೈಕ್‌ಗಳು ಸೋಮವಾರ ನನ್ನ ಬಳಿಗೆ ಬರುತ್ತವೆ. ಆದರೆ ಒಬ್ಬ ಬಡ್ ಕೂನ್ಸ್ ಇಲ್ಲೂ ಇರಬಾರದೇಕೆ ಎಂದು ಅನಿಸುತ್ತದೆ.

ಹುಡುಗ ರಾತ್ರಿ ಹೈವೇಗೆ ಪೂರ್ತಿ ಹೋಗುವುದನ್ನು ಬಿಟ್ಟಿದ್ದಾನೆಯೇ ಎಂದು ನಾನು ಪ್ರಮಾಣ ಮಾಡಿ ಹೇಳಲಾರೆ. ತಾಯಿಯ ಪ್ರಕಾರ ಈಗ ಶನಿವಾರ ಮನೆಯಲ್ಲೇ ಇದ್ದು, ಮೊಬೈಲಿನಲ್ಲಿ ದೀಪ ನೋಡಿ ಬೆರಳೊತ್ತುವ ಆಟ ಆಡುತ್ತಾನಂತೆ. ಸಮಯ ದಿನದಿನಕ್ಕೆ ಇಳಿಯುತ್ತಿದೆಯಂತೆ. ಮೊನ್ನೆ ಮನೆಗೇ ಬಂದು, "ಅಂಕಲ್, ಕೋಣಕ್ಕೂ ರಿಯಾಕ್ಷನ್ ಟೈಮ್ ಇರ್ತದೇನ್ರಿ?" ಎಂದು ಕೇಳಿದ. ಮಿಯಾರು ಕಂಬಳಕ್ಕೆ ಬಂದು ಗಂತಿನ ಬಳಿ ನಿಂತು ನೀನೇ ನೋಡು ಮಾರಾಯ ಎಂದೆ. ಠಾಣೆಯಿಂದ ಮತ್ಸ್ಯಗಂಧದಲ್ಲಿ ಮೂರು ಟಿಕೆಟ್ ಬೇಕು, ತಾಯಿಯೂ ಬರುತ್ತಾರಂತೆ. ಅರವತ್ತು ದಿನ ಮೊದಲು ಬೆಳಿಗ್ಗೆ ಎಂಟಕ್ಕೆ ಬುಕಿಂಗ್ ತೆರೆಯುತ್ತದೆ, ಬೆರಳೊತ್ತುವ ಕೆಲಸ ಅವನಿಗೇ ವಹಿಸಿದ್ದೇನೆ.